ತೊಗಲುಗೊಂಬೆಯಾಟದ ಚಿತ್ರೀಕರಣ: ಪರದೆ ಮೇಲೆ ಪಟ್ಟೆ, ಬಣ್ಣ ಬಿಳಿಚಿಕೊಳ್ಳುತ್ತೆ

ಗೆರೆಬಣ್ಣ:
ತೊಗಲುಗೊಂಬೆಯಾಟದ ಸಾಕ್ಷ್ಯಚಿತ್ರಕ್ಕೆ ಪ್ರಯೋಗದ ಶಾಟ್ ತೆಗೆದಿದೀನಿ. ಪರದೆ ಮೇಲೆ ಮಸುಕು ಪಟ್ಟೆಗಳು ಓಡ್ತವೆ, ಗೊಂಬೆಗಳ ಕೆಂಪು ಸತ್ತಹಾಗೆ ಕಾಣುತ್ತೆ. ಹಿಂದೆ ಸಾಧಾರಣ ಎಲ್‌ಇಡಿ ಬಲ್ಬು. ಕ್ಯಾಮೆರಾ ಸೆಕೆಂಡಿಗೆ 30 ಫ್ರೇಮ್, ಶಟರ್ 1/60 ಸೆಕೆಂಡ್, ಉಳಿದದ್ದೆಲ್ಲ ಆಟೋ. ಏನು ಬದಲಿಸಲಿ?

ನೆರಳುಬೆಳಕು:
ಪಟ್ಟೆಗೆ ಕಾರಣ ಕರೆಂಟು. ನಮ್ಮದು 50 ಹರ್ಟ್ಸ್, ಅಗ್ಗದ ಎಲ್‌ಇಡಿ ಸೆಕೆಂಡಿಗೆ 100 ಸಲ ಮಿನುಗುತ್ತೆ. ಅದಕ್ಕೆ 1/60 ಹೊಂದಲ್ಲ. 25 ಫ್ರೇಮ್, ಶಟರ್ 1/50 ಇಡಿ. ಬೆಳಕು ಹೆಚ್ಚಾದರೆ ಅಪರ್ಚರ್ (ಲೆನ್ಸಿನ ಕಿಂಡಿ) ಕಿರಿದು ಮಾಡಿ ಇಲ್ಲವೇ ಬೆಳಕು ತಗ್ಗಿಸುವ ಎನ್‌ಡಿ ಫಿಲ್ಟರ್ ಹಾಕಿ, ಶಟರ್ ಮುಟ್ಟಬೇಡಿ.

ಕೆಂಪಿನ ದೋಷವೂ ಬಲ್ಬಿನದೇ ಇರಬಹುದು. ಅಗ್ಗದ ಎಲ್‌ಇಡಿ ಬೆಳಕಲ್ಲಿ ಗಾಢ ಕೆಂಪಿನ ಅಂಶ ಕಡಿಮೆ. ತಂಡದವರು ಒಪ್ಪಿದರೆ ಹ್ಯಾಲೋಜನ್ ಹಾಕಿಸಿ: ತಂತಿ ಬಿಸಿಯಾಗಿಯೇ ಇರೋದರಿಂದ ಮಿನುಗೂ ತೀರಾ ಕಡಿಮೆ. ಆದರೆ ಗೊಂಬೆಯಿಂದ ದೂರ ಇರಲಿ, ಶಾಖಕ್ಕೆ ತೊಗಲು ಸುರುಟಿಕೊಳ್ಳುತ್ತೆ. ವೈಟ್ ಬ್ಯಾಲೆನ್ಸ್ (ಬೆಳಕಿನ ಬಣ್ಣಕ್ಕೆ ಕ್ಯಾಮೆರಾ ಹೊಂದಿಸೋದು) 3200 ಕೆಲ್ವಿನ್‌ಗೆ ಕಟ್ಟಿಹಾಕಿ.

ಎಕ್ಸ್‌ಪೋಷರ್, ಅಂದರೆ ಚಿತ್ರಕ್ಕೆ ಬೀಳುವ ಬೆಳಕಿನ ಪ್ರಮಾಣ, ಆಟೋದಲ್ಲಿ ಬಿಡಲೇಬೇಡಿ. ನಗಿಸುವ ಪಾತ್ರವಾದ ಕಪ್ಪು ಕಿಳ್ಳೇಕ್ಯಾತ ಪರದೆಗೆ ಬಂದ ಕೂಡಲೇ ಕ್ಯಾಮೆರಾ ಇಡೀ ಚಿತ್ರ ಬೆಳಗಿಸುತ್ತೆ, ಅವನು ಹೋದಮೇಲೆ ಮತ್ತೆ ಇಳಿಸುತ್ತೆ. ಅಳತೆಯನ್ನು ಬಣ್ಣದ ಗೊಂಬೆ ಮೇಲೆ ತಗೊಳ್ಳಿ. ದೀಪದ ನೇರ ಎದುರಿನ ಬಟ್ಟೆ ಸ್ವಲ್ಪ ಬೆಳ್ಳಗೆ ಹೋದರೂ ಪರವಾಗಿಲ್ಲ, ಗೊಂಬೆಯ ಮೈಬಣ್ಣ ಉಳಿಯೋದು ಮುಖ್ಯ.

ಪರದೆಗಣ್ಣು:
ಫೋಕಸ್ಸೂ ಮ್ಯಾನ್ಯುಯಲ್. ಬಟ್ಟೆಗೆ ಒತ್ತಿಹಿಡಿದ ಗೊಂಬೆಯ ಅಂಚಿಗೆ ಫೋಕಸ್ ಮಾಡಿ, ಅಲ್ಲೇ ಬಿಡಿ. ಆಡಿಸುವವರು ಗೊಂಬೆಯನ್ನು ಹಿಂದಕ್ಕೆಳೆದಾಗ ನೆರಳು ದೊಡ್ಡದಾಗಿ ಅಂಚು ಮಸುಕಾಗುತ್ತೆ. ಅದು ಅವರ ಕೈಚಳಕ, ಅದನ್ನು ‘ಸರಿಪಡಿಸೋಕೆ’ ಹೋಗಬೇಡಿ. ಬಟ್ಟೆಯ ನೇಯ್ಗೆಯಿಂದ ಅಲೆಅಲೆಯಾದ ಗೆರೆ ಎದ್ದರೆ ಕ್ಯಾಮೆರಾವನ್ನು ಒಂದಡಿ ಹಿಂದೆ ಮುಂದೆ ಮಾಡಿ ನೋಡಿ. ಮುಂದುಗಡೆಯಿಂದ ಯಾವ ಬೆಳಕೂ ಬೇಡ.

ದನಿಪೆಟ್ಟಿಗೆ:
ಪರದೆ ಹಿಂದೆ ಆಡಿಸುವವರ ಶಾಟ್ ಬೇಕೇ ಬೇಕು, ಒಂದೇ ಬಾಯಲ್ಲಿ ಎಷ್ಟು ಪಾತ್ರ ಮಾತಾಡುತ್ತವೆ ಅನ್ನೋದು ಅಲ್ಲೇ ಕಾಣೋದು. ಎರಡನೇ ಕ್ಯಾಮೆರಾ ಪಕ್ಕದಲ್ಲಿರಲಿ. ದೀಪಕ್ಕೂ ಪರದೆಗೂ ನಡುವೆ ಬಂದರೆ ನಿಮ್ಮ ನೆರಳೂ ರಾಮಾಯಣಕ್ಕೆ ಸೇರುತ್ತೆ. ಎಕ್ಸ್‌ಪೋಷರ್ ಅಲ್ಲಿ ಬೇರೆಯೇ, ದೀಪವನ್ನು ಫ್ರೇಮಿನಿಂದ ಹೊರಗಿಡಿ.

ಸದ್ದಿಗೆ ಮೈಕ್‌ಸೆಟ್ಟಿನ ಲೈನ್ ಸಾಲದು, ಅದರಲ್ಲಿ ಮದ್ದಲೆ ದೂರ ನಿಂತಂತೆ ಕೇಳುತ್ತೆ. ಮುಖ್ಯ ಭಾಗವತರಿಗೆ ಕಾಲರ್ ಮೈಕು, ಹಾರ್ಮೋನಿಯಂ ಮದ್ದಲೆಗೆ ಬೇರೆ ಮೈಕು, ರೆಕಾರ್ಡರಿನ ಸೆಟ್ಟಿಂಗ್ 48 ಕಿಲೋಹರ್ಟ್ಸ್, 24 ಬಿಟ್. ಜೋರು ದನಿ ರೆಕಾರ್ಡರಿನ ಮೀಟರಿನಲ್ಲಿ ಮೈನಸ್ 12 ಡೆಸಿಬಲ್ ದಾಟದಂತೆ ಇಡಿ, ಯುದ್ಧದ ಪ್ರಸಂಗದಲ್ಲಿ ಸದ್ದು ದಿಢೀರನೆ ಏರುತ್ತೆ. ಆಮೇಲೆ ಚಿತ್ರ ಸದ್ದು ಹೊಂದಿಸೋಕೆ ಆಟದ ಶುರುವಿನಲ್ಲಿ ಒಂದು ಚಪ್ಪಾಳೆ ತಟ್ಟಿ, ಕೊನೆಯಲ್ಲೂ ಒಂದು: ಗಂಟೆಗಟ್ಟಲೆ ಓಡಿದಾಗ ರೆಕಾರ್ಡರು ಕ್ಯಾಮೆರಾ ಒಂದಕ್ಕೊಂದು ಕೆಲವು ಫ್ರೇಮ್ ಜಾರುತ್ತವೆ.

ಗೆರೆಬಣ್ಣ:
ಒಂದು ದೃಶ್ಯವನ್ನು ಎಣ್ಣೆ ದೀಪದಲ್ಲಿ ತೆಗೆಯಬಹುದಾ?

ನೆರಳುಬೆಳಕು:
ಖಂಡಿತ. ಲೆನ್ಸ್ ಎಫ್ 1.8ರಷ್ಟು ತೆರೆದು ಐಎಸ್‌ಒ (ಕ್ಯಾಮೆರಾ ಬೆಳಕಿಗೆ ಎಷ್ಟು ಸೂಕ್ಷ್ಮ ಅನ್ನೋ ಅಳತೆ) 3200ರಿಂದ ಶುರು ಮಾಡಿ. ವೈಟ್ ಬ್ಯಾಲೆನ್ಸ್ 3200 ಕೆಲ್ವಿನ್‌ನಲ್ಲೇ ಇರಲಿ, ಜ್ವಾಲೆಯ ಕೆಂಪು ಉಳಿಯಬೇಕು. ಜ್ವಾಲೆ ಅಲುಗಿದಾಗ ಗೊಂಬೆ ಉಸಿರಾಡಿದಂತಿರುತ್ತೆ, ಫ್ಯಾನ್ ಮಾತ್ರ ಆಫ್ ಮಾಡಿಸಿ.