ತೆರವು ನೋಟಿಸ್ ಬಂದಿದೆಯಾ? ವಕೀಲರನ್ನು ಕೇಳಿ

ವಕೀಲರು: ಒತ್ತುವರಿ ನೋಟಿಸ್, ತೆರವು, ಸ್ಟೇ ಬಗ್ಗೆ ಕೇಳಿ. ಸರ್ವೆ ನಂಬರ್, ಫೋನ್ ನಂಬರ್ ಇಲ್ಲಿ ಹಾಕಬೇಡಿ.

ಅಡಿಕೆ ತೋಟ: ಮೇಡಂ, ಅಪ್ಪನಿಗೆ 1978ರಲ್ಲಿ ಸಾಗುವಳಿ ಚೀಟಿ (ಸರ್ಕಾರ ಜಮೀನು ಮಂಜೂರು ಮಾಡಿದ ಪತ್ರ) ಸಿಕ್ಕಿತ್ತು. ಪಹಣಿ ನಮ್ಮ ಹೆಸರಲ್ಲೇ ಇದೆ. ಈಗ ಗೋಮಾಳ ಒತ್ತುವರಿ ಮಾಡಿದ್ದೀರಿ, 7 ದಿನದಲ್ಲಿ ಬಿಡಿ ಅಂತ ತಾಲ್ಲೂಕು ಕಚೇರಿಯಿಂದ ನೋಟಿಸ್ ಬಂದಿದೆ. ನೋಟಿಸಿನಲ್ಲಿ 4ನೇ ತಾರೀಖು, ಕವರಿನ ಮೇಲೆ ಅಂಚೆ ಮುದ್ರೆ 13. ನೋಟಿಸಿನಲ್ಲಿ ವಿಸ್ತೀರ್ಣ ಬರೆಯುವ ಕಡೆ ಏನೂ ಬರೆದಿಲ್ಲ.

ಬೈಕ್ ಮಂಜ: ನೋಟಿಸ್ ತಗೊಳ್ಳಲೇಬಾರದಿತ್ತು ಅಣ್ಣ. ವಾಟ್ಸಾಪಲ್ಲಿ ಬಂದಿತ್ತು, ವಾಪಸ್ ಕಳಿಸಿದರೆ ಕೇಸೇ ನಿಲ್ಲಲ್ಲ.

ವಕೀಲರು: ಮಂಜ ಅವರೇ, ಬೇಡ ಅಂತ ವಾಪಸ್ ಕಳಿಸಿದರೂ ನೋಟಿಸ್ ತಲುಪಿದ ಹಾಗೇ ಲೆಕ್ಕ. ಉತ್ತರ ಕೊಡುವ ಅವಕಾಶ ಮಾತ್ರ ಹೋಗುತ್ತದೆ. ದಯವಿಟ್ಟು ಹಬ್ಬಿಸಬೇಡಿ.

ತೋಟದವರೇ, ಆ ಕವರ್ ಬಿಸಾಡಬೇಡಿ. ಗಡುವು ಮುಗಿದ ಮೇಲೆ ನೋಟಿಸ್ ಪೋಸ್ಟ್ ಆಗಿದೆ ಅನ್ನುವುದಕ್ಕೆ ಅದೇ ಸಾಕ್ಷಿ. ಎಷ್ಟು ಗುಂಟೆ, ಯಾವ ಭಾಗ ಅಂತ ಹೇಳದೆ ಒತ್ತುವರಿ ಅಂದರೆ ನೀವು ಯಾವುದಕ್ಕೆ ಉತ್ತರ ಕೊಡಬೇಕು? ಇದನ್ನೇ ಆಕ್ಷೇಪಣೆಯಲ್ಲಿ ಬರೆಯಿರಿ. ಸಾಗುವಳಿ ಚೀಟಿ, ಪಹಣಿ, ಮ್ಯುಟೇಷನ್ (ಖಾತೆ ಬದಲಾವಣೆ) ನಕಲು ಲಗತ್ತಿಸಿ, ನಿಮ್ಮ ಎದುರಿಗೇ ಸರ್ವೆ ಆಗಲಿ ಅಂತ ಕೇಳಿ. ತಾಲ್ಲೂಕು ಕಚೇರಿಯ ಟಪಾಲು ವಿಭಾಗದಲ್ಲಿ ಕೊಟ್ಟು ನಿಮ್ಮ ಪ್ರತಿಗೆ ಸೀಲು, ತಾರೀಖು ಹಾಕಿಸಿ. ನನಗೆ ಚಿಂತೆ ಆಗಿರುವುದು ಬೇರೆ. ಮಂಜೂರಾತಿ ರದ್ದಾಗದೆ ನಿಮ್ಮನ್ನು ಒತ್ತುವರಿದಾರ ಅನ್ನುವುದು ಹೇಗೆ? ರದ್ದು ಮಾಡುವುದಕ್ಕೂ ಮೊದಲು ನಿಮ್ಮನ್ನು ಕೇಳಲೇಬೇಕು. ಹಿಂದೆ ಯಾವಾಗಲೋ ನಿಮಗೆ ಗೊತ್ತಿಲ್ಲದೆ ರದ್ದಾಗಿರಲೂಬಹುದು, ಅದಕ್ಕೇ ರೆಕಾರ್ಡ್ ರೂಮಿನಿಂದ ಮಂಜೂರಾತಿ ಕಡತದ ದೃಢೀಕೃತ ನಕಲು ಇವತ್ತೇ ಕೇಳಿ. 1982ರಲ್ಲಿ ಆಂಧ್ರದ ತುಮ್ಮಲ ಕೃಷ್ಣರಾವ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ: ಹಕ್ಕಿನ ಬಗ್ಗೆ ನಿಜವಾದ ತಕರಾರಿದ್ದರೆ ಸರ್ಕಾರ ತಾನೇ ತೀರ್ಮಾನಿಸಿ ದಿಢೀರ್ ಎಬ್ಬಿಸುವ ಹಾಗಿಲ್ಲ, ಸಿವಿಲ್ ಕೋರ್ಟಿಗೆ ಹೋಗಬೇಕು. ತಹಶೀಲ್ದಾರ್ ಆದೇಶ ಮಾಡಿಬಿಟ್ಟರೆ ಎಸಿ (ಉಪವಿಭಾಗಾಧಿಕಾರಿ) ಕೋರ್ಟಿಗೆ ಅಪೀಲು, ಜೊತೆಗೇ ತಡೆಯಾಜ್ಞೆ ಅರ್ಜಿ.

ಹೊಸ ಮೆಂಬರ್: ಸರ್ಕಾರಿ ಜಾಗದಲ್ಲಿ 12 ವರ್ಷ ಇದ್ದರೆ ನಮ್ಮದೇ ಅಲ್ವಾ?

ವಕೀಲರು: ಅಲ್ಲ. 12 ವರ್ಷ ಖಾಸಗಿಯವರ ಮೇಲೆ. ಸರ್ಕಾರದ ಮೇಲೆ 30, ಅದನ್ನೂ ಕೋರ್ಟಿನಲ್ಲಿ ಸಾಬೀತು ಮಾಡಬೇಕು.

ಗದ್ದೆ ಬದು: ಸರ್ಕಾರಿ ಜಮೀನಿನ ಸಾಗುವಳಿ ಸಕ್ರಮಕ್ಕೆ ನಮೂನೆ 57 ಅರ್ಜಿ ಹಾಕಿದ್ದೇವೆ, ಇನ್ನೂ ಸಮಿತಿ ಮುಂದೆ ಬಂದಿಲ್ಲ. ತೆರವು ಮಾಡಬಹುದಾ?

ಕಾಡಂಚು: ಅರಣ್ಯ ಹಕ್ಕು ಅರ್ಜಿ ಬಾಕಿ ಇರುವಾಗಲೇ ಜಾಗ ಖಾಲಿ ಮಾಡಿ ಅಂತಿದ್ದಾರೆ ಮೇಡಂ.

ವಕೀಲರು: ಕಾಡಂಚು ಅವರೇ, 2006ರ ಅರಣ್ಯ ಹಕ್ಕು ಕಾಯ್ದೆ, ಸೆಕ್ಷನ್ 4(5). ಪರಿಶೀಲನೆ ಮುಗಿಯುವ ತನಕ ಎಬ್ಬಿಸುವ ಹಾಗಿಲ್ಲ. ಗ್ರಾಮಸಭೆಗೆ ಅರ್ಜಿ ಕೊಟ್ಟ ರಸೀದಿ ಹುಡುಕಿ.

ಕೆರೆ ಕಾಯೋಣ: ಎಲ್ಲರಿಗೂ ಸ್ಟೇ ಕೊಡಿಸಿ, ಕೆರೆ ಗೋಮಾಳ ಎಲ್ಲ ಮುಗಿದುಹೋಗಲಿ!

ಗದ್ದೆ ಬದು: ಕೆರೆ ಮೇಲೆ ಅಪಾರ್ಟ್‌ಮೆಂಟ್ ಎದ್ದಾಗ ಎಲ್ಲಿದ್ದಿರಿ? ಜೆಸಿಬಿ ಬರೋದು ಬಡವರ ಮನೆಗೇ.

ಕೆರೆ ಕಾಯೋಣ: ಒತ್ತುವರಿ ಯಾರು ಮಾಡಿದರೂ ಒತ್ತುವರಿನೇ.

ಬೈಕ್ ಮಂಜ: ನಿಮ್ಮ ಮನೆ ರಾಜಕಾಲುವೆ ಮೇಲಿಲ್ಲ ತಾನೇ, ನೋಡಿಕೊಳ್ಳಿ 😂

ಬೈಕ್ ಮಂಜ: ಮೇಡಂ, ಕೇವಿಯಟ್ ಹಾಕಿದರೆ ಸ್ಟೇ ಸಿಕ್ಕ ಹಾಗೆ ಅಂತೆ?

ವಕೀಲರು: ಅಲ್ಲ. ಎದುರು ಪಕ್ಷ ಕೋರ್ಟಿಗೆ ಹೋದರೆ ನಿಮ್ಮನ್ನೂ ಕೇಳಲಿ ಅಂತ ಹಾಕುವುದು ಕೇವಿಯಟ್. ಜೆಸಿಬಿ ಕೋರ್ಟಿಗೆ ಹೋಗಲ್ಲ, ನೇರ ಮನೆಗೇ ಬರುತ್ತದೆ. ಇನ್ನೊಂದು ಫಾರ್ವರ್ಡ್ ಬಂದರೆ ನಾನು ಗುಂಪು ಬಿಡುತ್ತೇನೆ.

ಮನೆ ಚಿಂತೆ: ಸುಪ್ರೀಂ ಕೋರ್ಟಿನ 2024ರ ಬುಲ್ಡೋಜರ್ ತೀರ್ಪು ಎಲ್ಲರಿಗೂ ಬರುತ್ತದಾ?

ವಕೀಲರು: ಅದು ಕಟ್ಟಡ ಕೆಡವುವ ಬಗ್ಗೆ. 15 ದಿನದ ನೋಟಿಸ್, ಖುದ್ದು ವಿಚಾರಣೆ, ಅಂತಿಮ ಆದೇಶದ ನಂತರ ಮತ್ತೆ 15 ದಿನ. ಹಿಂದಿನ ತಾರೀಖು ಹಾಕದಂತೆ, ನೋಟಿಸ್ ಕೊಟ್ಟ ಕೂಡಲೇ ಜಿಲ್ಲಾಧಿಕಾರಿ ಕಚೇರಿಗೆ ಇಮೇಲ್ ಹೋಗಬೇಕು. ರಸ್ತೆ, ಫುಟ್‌ಪಾತ್, ರೈಲ್ವೆ ಹಳಿ ಪಕ್ಕ, ನದಿ ಕೆರೆ ಜಾಗಕ್ಕೆ ಅನ್ವಯಿಸಲ್ಲ.

ಹೊಸ ಮೆಂಬರ್: ಹಾಗಾದರೆ 12 ವರ್ಷದ್ದು?

ವಕೀಲರು: ಮೇಲೆ ಓದಿ.

ಕೆರೆ ಕಾಯೋಣ: ಕೆರೆಗೆ ಅನ್ವಯಿಸಲ್ಲ ಅಂತ ಮೇಡಮ್ಮೇ ಹೇಳಿದರು, ನೋಡಿ!

ಗದ್ದೆ ಬದು: ನನ್ನದು ಕೆರೆ ಅಲ್ಲ ಮಾರಾಯ.

ಅಡಿಕೆ ತೋಟ: ಮೇಡಂ, ಟಪಾಲಿನವರು ಆಕ್ಷೇಪಣೆ ತಗೊಳ್ಳುತ್ತಿಲ್ಲ. ಸಾಹೇಬರು ಬರಲಿ ಅಂತಿದ್ದಾರೆ.

ವಕೀಲರು: ಕಾಯಬೇಡಿ. ಸ್ಪೀಡ್ ಪೋಸ್ಟ್ ಮಾಡಿ, ರಸೀದಿ ಇಟ್ಟುಕೊಳ್ಳಿ. ಒಂದು ಪ್ರತಿ ಎಸಿಯವರಿಗೂ ಹೋಗಲಿ.