ಪದ್ದುವಿನ ಹೆಬ್ಬೆರಳು

“ಇದನ್ನ ಫೋಟೋ ಹೊಡ್ಕೊಂಡಿದ್ದೀನಿ, ಆಮೇಲೆ ಓದೋಣ” ಅಂದ ಪದ್ದು.

ಕಾರವಾರದ ಕಡಲ ತೀರದಲ್ಲಿ, ಯುದ್ಧನೌಕೆ ಮ್ಯೂಸಿಯಂನ ಬಾಗಿಲ ಮುಂದೆ, ಬೆಳಗಿನ ಬಿಸಿಲಿಗೆ ಮುಖ ಕೊಟ್ಟು ನಾವು ನಾಲ್ವರು ಕೂತಿದ್ದೆವು. ಬಾಗಿಲು ತೆರೆಯುವುದಕ್ಕೆ ಇನ್ನೂ ಒಂದು ಗಂಟೆ ಇತ್ತು. ಹಿಂದಿನ ಸಂಜೆ ಬಂದಾಗ ಮುಚ್ಚಿತ್ತು. ಸಮಯದ ಬೋರ್ಡನ್ನು ಆಗಲೇ ಪದ್ದು ಫೋಟೋ ಹೊಡೆದುಕೊಂಡಿದ್ದ. ಓದಿರಲಿಲ್ಲ.

“ಅಲ್ಲ ಕಣೋ, ಎರಡು ಸಾಲು. ಅಲ್ಲೇ ನಿಂತು ಓದೋಕೆ ಏನಾಗಿತ್ತು?”

“ಓದ್ತಾ ನಿಂತ್ರೆ ನೋಡೋದು ಯಾವಾಗ?”

“ನೋಡ್ತೀಯಾ ನೀನು? ಅದನ್ನೂ ಫೋನೇ ನೋಡುತ್ತೆ.”

“ನಿಂಗೆ ಟೆಕ್ನಾಲಜಿ ಅಂದ್ರೆ ಆಗಲ್ಲ” ಅಂದ ಸೀನ. ಸೀನನಿಗೆ ಎಲ್ಲರ ಪರವಾಗಿಯೂ ಮಾತಾಡುವ ಚಟ. “ಮೆಮೊರಿ ಕಣೋ. ಮನುಷ್ಯನ ತಲೇಲಿ ಎಷ್ಟು ಅಂತ ಹಿಡಿಸುತ್ತೆ?”

“ಹಾಕಿ ನೋಡಿದ್ರೆ ತಾನೇ ಗೊತ್ತಾಗೋದು?”

ಭಟ್ಟರು ಮಾತಾಡಲಿಲ್ಲ. ಅವರು ಸಮುದ್ರದ ಕಡೆ ತಿರುಗಿ ಕೂತಿದ್ದರು. ರವೀಂದ್ರನಾಥ ಟ್ಯಾಗೋರರ ಹೆಸರಿನ ಕಡಲ ತೀರ ಅದು. 1883ರಲ್ಲಿ ಟ್ಯಾಗೋರರು ಬಂದದ್ದು ಇಲ್ಲಿಗೇ, ಅಣ್ಣ ಸತ್ಯೇಂದ್ರನಾಥರು ಜಡ್ಜ್ ಆಗಿದ್ದರು ಅಂತ. ವಯಸ್ಸು 22. ಒಂದು ಸಂಜೆ ದೋಣಿಯಲ್ಲಿ ಕಾಳಿ ನದಿಯ ಮೇಲಕ್ಕೆ ಹೋಗಿ, ಬೆಳದಿಂಗಳಲ್ಲಿ ವಾಪಸ್ ತೇಲಿ ಬಂದು, ಅಳಿವೆಯ ಹತ್ತಿರ ಇಳಿದು ಮರಳಿನ ಮೇಲೆ ಮನೆಗೆ ನಡೆದರು. ಅವತ್ತು ರಾತ್ರಿಯೇ ಪದ್ಯ ಬರೆದರು.

“ಪದ್ದು ಆಗಿದ್ರೆ ಚಂದ್ರನ ಹದಿನಾಲ್ಕು ಫೋಟೋ ಹೊಡೆದು ಮಲಗಿರ್ತಿದ್ದ” ಅಂದೆ.

“ಹದಿನಾಲ್ಕರಲ್ಲೂ ಹೆಬ್ಬೆರಳು ಬಿದ್ದಿರ್ತಿತ್ತು” ಅಂದರು ಭಟ್ಟರು, ಸಮುದ್ರದ ಕಡೆಯಿಂದ ತಿರುಗದೆ.

ಪದ್ದು ಫೋನು ಹಿಡಿಯುವುದು ಎಡಗೈಯಲ್ಲಿ. ಹಿಡಿದಾಗ ಹೆಬ್ಬೆರಳು ಕ್ಯಾಮೆರಾದ ಕಣ್ಣಿಗೆ ಒಂಚೂರು ಅಡ್ಡ ಬರುತ್ತದೆ. ಅವನು ತೆಗೆದ ಎಲ್ಲ ಚಿತ್ರಗಳ ಎಡ ಮೂಲೆಯಲ್ಲೂ, ಕೆಳಗೆ, ಬೇಯಿಸಿದ ಗೆಣಸಿನ ತುಂಡಿನ ಹಾಗೆ ಏನೋ ಒಂದು ಇರುತ್ತದೆ. ಅವನ ಮಗಳ ಮದುವೆ ಆಲ್ಬಮ್ಮಿನಲ್ಲಿ ಆ ಗೆಣಸು ಬೀಗರ ಪಕ್ಕದಲ್ಲೇ ನಿಂತಿದೆ.

ಬಾಗಿಲು ತೆರೆಯಿತು. ಹಡಗಿನ ಹೆಸರು ಐಎನ್‌ಎಸ್ ಚಪಲ್. ಊರವರ ಬಾಯಲ್ಲಿ ಅದು ಚಾಪೆಲ್. ಪದ್ದು ಆಗಲೇ ಐದು ಬೋರ್ಡು ಹೊಡೆದು ಮುಗಿಸಿದ್ದನ್ನು ನೋಡಿ ನನಗೆ ಚಪಲ ಅಂತ ಓದುವುದೇ ಸರಿ ಅನ್ನಿಸಿತು. ರಷ್ಯನ್ನರು ಕಟ್ಟಿಕೊಟ್ಟ ಕ್ಷಿಪಣಿ ದೋಣಿ. ನಾಲ್ಕೇ ಕ್ಷಿಪಣಿ. ದೊಡ್ಡ ಹಡಗು ಅಂದುಕೊಂಡು ಬಂದವರಿಗೆ ಇಷ್ಟೇನಾ ಅನ್ನಿಸುವ ಗಾತ್ರ. ಒಳಗೆ ಹೋದರೆ ಇಷ್ಟರಲ್ಲಿ ಅಷ್ಟು ಜನ ಹೇಗಪ್ಪಾ ಇದ್ದರು ಅನ್ನಿಸುತ್ತದೆ.

ಸೀನ ಎದೆ ಉಬ್ಬಿಸಿ ನಿಂತ. “ಇದೇ ನೋಡಿ! 1971ರಲ್ಲಿ ಕರಾಚಿ ಬಂದರಿಗೆ ಬೆಂಕಿ ಇಟ್ಟಿದ್ದು!”

ಭಟ್ಟರು ಚಪ್ಪಲಿ ಬಿಟ್ಟು ಕೈಮುಗಿದೇ ಬಿಟ್ಟರು.

“ಭಟ್ರೇ, ಚಪ್ಪಲಿ ಹಾಕ್ಕೊಳಿ, ಕಬ್ಬಿಣ ಸುಡುತ್ತೆ. ಇದು ನೌಕಾಪಡೆಗೆ ಸೇರಿದ್ದೇ 1976ರಲ್ಲಿ.”

“ಏನೀಗ?” ಅಂದ ಸೀನ.

“ಹುಟ್ಟೋದಕ್ಕೆ ಐದು ವರ್ಷ ಮೊದಲೇ ಯುದ್ಧಕ್ಕೆ ಹೋಗಿತ್ತಾ?”

“ಅಭಿಮನ್ಯು ಹೊಟ್ಟೇಲಿದ್ದಾಗ್ಲೇ ಚಕ್ರವ್ಯೂಹ ಕಲಿತಿರ್ಲಿಲ್ವಾ?”

“ಕಲಿತಿದ್ದ. ಹೊಟ್ಟೆ ಒಳಗಿಂದ ಬಾಣ ಬಿಟ್ಟಿರ್ಲಿಲ್ಲ.”

ಕರಾಚಿಗೆ ಹೋದದ್ದು ಇದರ ಅಕ್ಕಂದಿರು, ನಿರ್ಘಾತ್, ನಿಪಾತ್, ವೀರ್, ಅಂದೆ. 1971ರ ಡಿಸೆಂಬರ್ 4ರ ರಾತ್ರಿ. ನೌಕಾದಿನ ಅಂತ ಆಚರಿಸುವುದು ಆ ದಿನವನ್ನೇ. ಈ ಜಾತಿಯ ದೋಣಿಗಳಿಗೆ ವೇಗ ಜಾಸ್ತಿ, ದೂರ ಓಡುವ ತಾಕತ್ತು ಕಡಿಮೆ. ದೊಡ್ಡ ಹಡಗಿಗೆ ಕಟ್ಟಿ ಒಂದಷ್ಟು ದೂರ ಎಳೆದುಕೊಂಡೇ ಹೋಗಿದ್ದರು. ಮದುವೆ ಮನೆಗೆ ಭಟ್ಟರನ್ನು ಕಾರಲ್ಲಿ ಕರೆದುಕೊಂಡು ಹೋಗಿ ಬಾಗಿಲಲ್ಲಿ ಬಿಡುವ ಹಾಗೆ. ಅಲ್ಲಿಂದ ಮುಂದಿನ ವೇಗ ಭಟ್ಟರದ್ದೇ.

“ನನ್ನನ್ಯಾಕಪ್ಪಾ ಎಳೀತೀಯ?”

“ಹೋಗ್ಲಿ, ಇದು ಯಾವ ಯುದ್ಧ ಮಾಡಿದ್ದು?” ಸೀನನ ದನಿ ಇಳಿದಿತ್ತು.

“2005ರ ತನಕ ಸಮುದ್ರ ಕಾದಿದೆ. ಇಪ್ಪತ್ತೆಂಟು ವರ್ಷ. ಸಾಲದಾ? ನಮ್ಮ ಆಫೀಸಲ್ಲಿ ಮೂವತ್ತು ವರ್ಷ ಕೂತವರಿಗೂ ಯಾರೂ ಯಾವ ಯುದ್ಧ ಮಾಡಿದ್ರಿ ಅಂತ ಕೇಳಲ್ಲ, ಶಾಲು ಹೊದಿಸಿ ಕಳಿಸ್ತಾರೆ. ಇದನ್ನ ಮಾರನೇ ವರ್ಷ ದಡಕ್ಕೆ ತಂದು ನಿಲ್ಲಿಸಿದ್ರು, ಅಷ್ಟೇ.”

ಇಷ್ಟರಲ್ಲಿ ಒಳಗಿನಿಂದ ‘ಠಣ್’ ಅಂತ ಸದ್ದು ಬಂತು. ಹಡಗಿನ ಬಾಗಿಲುಗಳು ಗಿಡ್ಡ. ಪದ್ದು ಹಣೆ ಹಿಡಿದುಕೊಂಡು ನಿಂತಿದ್ದ. ಬಾಗಿಲ ಮೇಲೆ ‘ತಲೆ ಜೋಪಾನ’ ಅಂತ ಬರೆದಿತ್ತು.

“ಓದ್ಲಿಲ್ವೇನೋ?”

ಪದ್ದು ನೋವಿನಲ್ಲೂ ಫೋನು ಎತ್ತಿ ತೋರಿಸಿದ. ತೆಗೆದುಕೊಂಡಿದ್ದ. ಚೆನ್ನಾಗಿಯೇ ಬಂದಿತ್ತು. ಹೆಬ್ಬೆರಳು ‘ಜೋಪಾನ’ದ ಅರ್ಧದ ತನಕ ಮಾತ್ರ.

ಮಾರನೆಯ ದಿನ ಮಂಜೇಶ್ವರ. ರೈಲಿನಲ್ಲಿ ಮಂಗಳೂರು, ಅಲ್ಲಿಂದ ಬಸ್ಸು. ತಲಪಾಡಿ ದಾಟಿದರೆ ಕೇರಳ.

“ಕನ್ನಡದ ರಾಷ್ಟ್ರಕವಿ ಕೇರಳಕ್ಕೆ ಯಾಕೆ ಬಂದು ಮನೆ ಮಾಡಿದ್ರು?” ಅಂತ ಸೀನ ಕೇಳಿದ.

“ಅವರು ಎಲ್ಲೂ ಹೋಗ್ಲಿಲ್ಲ ಮಾರಾಯ. ಮನೇಲೇ ಕೂತು ಓದ್ತಿದ್ರು. 1956ರ ನವೆಂಬರ್ 1ಕ್ಕೆ ರಾಜ್ಯ ಬಂದು ಮನೆ ಮೇಲೆ ಹಾದು ಹೋಯ್ತು.”

ಗೋವಿಂದ ಪೈಗಳು ಹುಟ್ಟಿದ್ದೂ 1883ರಲ್ಲೇ, ಮಾರ್ಚ್ ತಿಂಗಳು. ಅಲ್ಲಿ ಇಪ್ಪತ್ತೆರಡರ ಹುಡುಗ ಬೆಳದಿಂಗಳಲ್ಲಿ ದೋಣಿ ಬಿಡುತ್ತಿದ್ದ ವರ್ಷವೇ, ಇದೇ ಕರಾವಳಿಯ ಇನ್ನೊಂದು ತುದಿಯಲ್ಲಿ ಇವರು ತೊಟ್ಟಿಲಲ್ಲಿದ್ದರು. ಇದನ್ನು ಹೇಳಿದಾಗ ಭಟ್ಟರು “ಆಹಾ” ಅಂದರು. ಪದ್ದು ಬಸ್ಸಿನ ಕಿಟಕಿಯಿಂದ ಊರಿನ ನಾಮಫಲಕದ ಫೋಟೋ ಹೊಡೆದ.

ಹಂಚಿನ ಮನೆ. ಈಗ ಸ್ಮಾರಕವಾಗಿದೆ, ‘ಗಿಳಿವಿಂಡು’ ಅಂತ ಕವನ ಸಂಕಲನದ ಹೆಸರನ್ನೇ ಇಟ್ಟಿದ್ದಾರೆ. ಒಳಗೆ ಕಾಲಿಟ್ಟರೆ ದನಿ ತಾನಾಗಿ ತಗ್ಗುತ್ತದೆ. ಸೀನನದು ಕೂಡ ತಗ್ಗಿತು ಅಂದರೆ ನೋಡಿ.

“25 ಭಾಷೆ ಬರ್ತಿತ್ತಂತೆ” ಅಂದರು ಭಟ್ಟರು ಪಿಸುಮಾತಿನಲ್ಲಿ.

“ಹಂಗಾದ್ರೆ ಪುಸ್ತಕ ಎಲ್ಲಿ?” ಅಂದ ಪದ್ದು.

ನನಗೂ ಅದೇ ಕಾಣುತ್ತಿತ್ತು. ಪುಸ್ತಕಗಳು ಉಡುಪಿಗೆ ಹೋಗಿವೆ, ಎಂಜಿಎಂ ಕಾಲೇಜಿನ ಸಂಶೋಧನ ಕೇಂದ್ರಕ್ಕೆ. ಅಲ್ಲಿ ಓದುವವರಿಗೆ ಸಿಗುತ್ತವೆ, ಒಳ್ಳೆಯದೇ ಆಯಿತು. ಆದರೂ ಓದಿ ಓದಿಯೇ ಬದುಕಿದವರ ಮನೆ ಅವರ ಪುಸ್ತಕಗಳಿಲ್ಲದೆ, ಮಕ್ಕಳೆಲ್ಲ ದೂರದ ಊರು ಸೇರಿದ ಮೇಲಿನ ಮನೆಯ ಹಾಗೆ. ಗುಡಿಸಿ ಒರೆಸಿ ಚೊಕ್ಕಟವಾಗಿಯೇ ಇದೆ.

“ಪುಸ್ತಕ ಉಡುಪೀಲಿ, ಮನೆ ಇಲ್ಲಿ, ಬೋರ್ಡು ಪದ್ದು ಫೋನಲ್ಲಿ. ಓದೋರು ಎಲ್ಲಿದ್ದಾರೆ ಅಂತ ಮಾತ್ರ ಬರೆದಿಲ್ಲ” ಅಂದೆ.

ಪದ್ದುವಿಗೆ ಚುಚ್ಚಿತು ಅಂತ ಕಾಣುತ್ತದೆ. ಜಗಲಿಯಲ್ಲಿ ಕೂತು ಸ್ಟೇಟಸ್ ಬರೆದು ನಮಗೆ ತೋರಿಸಿದ. ‘ಮಂಜೇಶ್ವರದಲ್ಲಿ ಮಜಾ.’

“ಪ್ರಾಸ ನೋಡು” ಅಂದ ಹೆಮ್ಮೆಯಿಂದ.

“ಎಲ್ಲಿ ಬಂದು ಏನು ಮಾಡ್ತಿದ್ದೀಯೋ! 1911ರಲ್ಲೇ ದ್ವಿತೀಯಾಕ್ಷರ ಪ್ರಾಸ ಬಿಟ್ಟವರ ಮನೆ ಇದು.”

“ಬಿಡೋದಿರ್ಲಿ, ಇದು ಪ್ರಾಸವೇ ಅಲ್ಲ” ಅಂತ ಭಟ್ಟರು ಎದ್ದು ನಿಂತರು. ಎರಡು ದಿನದಲ್ಲಿ ಮೊದಲ ಸಲ ಅವರ ಕಣ್ಣು ಹೊಳೆಯಿತು. “ಮಂಜೇಶ್ವರ, ಅಲ್ಲಿ ಜಕಾರದ ಹಿಂದೆ ಬಿಂದು ಇದೆ, ಅದು ವೃಷಭ ಪ್ರಾಸ. ಮಜಾ, ಹಿಂದಿರೋದು ಬರೀ ಹ್ರಸ್ವ, ಅದು ಸಿಂಹ. ಎತ್ತನ್ನೂ ಸಿಂಹಾನೂ ಒಂದೇ ನೊಗಕ್ಕೆ ಕಟ್ಟಿದ್ದೀಯಲ್ಲೋ!”

“ಎತ್ತು ಉಳಿಯುತ್ತಾ?” ಅಂದ ಸೀನ.

ಹೊರಡುವಾಗ ಪದ್ದು ಪೈಗಳ ಕೃತಿಗಳ ಪಟ್ಟಿ ಕ್ಲಿಕ್ಕಿಸಿದ. ನಾನು ಅವನ ಭುಜದ ಮೇಲಿಂದ ಇಣುಕಿದೆ. ಯೇಸುವಿನ ಕೊನೆಯ ದಿನದ ಗೊಲ್ಗೊಥಾ ಇತ್ತು, ಬುದ್ಧನ ಕೊನೆಯ ದಿನಗಳ ವೈಶಾಖಿ ಇತ್ತು. ಏಕಲವ್ಯನ ಕಥೆಯ ನಾಟಕ, ‘ಹೆಬ್ಬೆರಳು’, ಅದು ಮಾತ್ರ ಕಾಣಲಿಲ್ಲ. ಅದರ ಮೇಲೆ ಹೆಬ್ಬೆರಳಿತ್ತು.

“ಏಕಲವ್ಯ ಕೇಳಿದ ಕೂಡ್ಲೇ ಕತ್ತರಿಸಿ ಕೊಟ್ಟ. ನಿನ್ನನ್ನ ಹತ್ತು ವರ್ಷದಿಂದ ಕೇಳ್ತಿದ್ದೀವಿ. ಕೊಡೋದು ಬೇಡಪ್ಪಾ, ಒಂಚೂರು ಸರಿಸು.”

ರಾತ್ರಿ ಬಸ್ಸು. ಶಿರಾಡಿ ಘಾಟಿಯಲ್ಲಿ ಲಾರಿಯೊಂದು ಅಡ್ಡ ನಿಂತು ಎಲ್ಲ ನಿಂತವು. ನೆಟ್‌ವರ್ಕ್ ಹೋಯಿತು. ಪದ್ದುವಿನ ಫೋನು ಜಾಗ ಇಲ್ಲ ಅಂತ ಎರಡು ದಿನದಿಂದ ಗೋಗರೆಯುತ್ತಿತ್ತು.

“ಅಳಿಸು. ಈಗ ಟೈಮಿದೆ, ಓದಿ ಓದಿ ಅಳಿಸು” ಅಂದೆ.

ನಾಲ್ಕು ತಲೆ ಒಂದು ಫೋನಿನ ಮೇಲೆ ಬಾಗಿದವು. ರಾಡಾರಿನ ವಿವರ, ಅಳಿಸು. ಮಲಯಾಳದಲ್ಲಿ ಏನೋ ಎಚ್ಚರಿಕೆ, ಅಳಿಸು. ಕಾಮತರ ಹೋಟೆಲಿನ ಮೆನು, ಬೇಲೂರಿನ ಬೋರ್ಡು, ಯಾವುದೋ ಡಾಕ್ಟರ ಚೀಟಿ. ಹಿಂದಕ್ಕೆ ಹಿಂದಕ್ಕೆ ಹೋದ ಹಾಗೆ ಸೀನನಿಗೂ ನಿದ್ದೆ ಬಂತು. ಪದ್ದುವಿನ ಕೈ ಒಂದು ಕಡೆ ನಿಂತಿತು.

ಗೆರೆ ಹಾಕಿದ ನೋಟ್‌ಬುಕ್ಕಿನ ಹಾಳೆ. ಪೆನ್ಸಿಲ್ ಬರಹ, ದುಂಡಗೆ.

“ಅಮ್ಮನ ಹಾಡಿನ ಪುಸ್ತಕ” ಅಂದ. “ಮನೆ ಖಾಲಿ ಮಾಡುವಾಗ ಸಿಕ್ಕಿತ್ತು. ಒಂದು ಹಾಳೆ ಹೊಡ್ಕೊಂಡೆ. ಮಿಕ್ಕಿದ್ದು ಆಮೇಲೆ ನೋಡೋಣ ಅಂತ...”

ಪುಸ್ತಕ ರದ್ದಿಯವನ ಜೊತೆ ಹೋಗಿತ್ತು. ಅವನು ಹೇಳಲಿಲ್ಲ, ನಾವು ಕೇಳಲೂ ಇಲ್ಲ. ಭಟ್ಟರು ಕನ್ನಡಕ ಹಾಕಿಕೊಂಡು ಮೆಲ್ಲಗೆ ಓದಿದರು.

ಹೊತ್ತು ಮುಳುಗೋ ಮುಂಚೆ ಬಾರೋ ಕಂದ
ಹಿತ್ತಲ ಮಲ್ಲಿಗೆ ಬಾಡೋ ಮುಂಚೆ
ಮುತ್ತಿನ ಮೊಗ ತೊಳೆದು ಕಾಡಿಗೆ ಹಚ್ಚಿ

ನಾಲ್ಕನೆಯ ಸಾಲಿನ ಕೊನೆ ‘ಕೊಡುವೆ ಬಾರೋ’ ಅಂತ ಇತ್ತು. ಮೊದಲಿಗೆ ಏನಿದೆಯೋ, ಅದರ ಮೇಲೆ ಗೆಣಸು.

ಪದ್ದು ಎರಡು ಬೆರಳಲ್ಲಿ ಚಿತ್ರವನ್ನು ಹಿಗ್ಗಿಸಿದ. ಹೆಬ್ಬೆರಳೂ ಹಿಗ್ಗಿತು.

“ಎರಡನೇ ಅಕ್ಷರ ಗ್ಯಾರಂಟಿ ‘ತ್ತ’” ಅಂದರು ಭಟ್ಟರು. “ಹೊತ್ತು, ಹಿತ್ತಲು, ಮುತ್ತು. ಒತ್ತಕ್ಷರ, ಹಯ ಪ್ರಾಸ. ಪೈಗಳು ಬಿಟ್ರು, ನಿಮ್ಮಮ್ಮ ಬಿಟ್ಟಿಲ್ಲ.”

“ಹತ್ತು ರೂಪಾಯಿ ಕೊಡುವೆ ಬಾರೋ” ಅಂದ ಸೀನ, ನಿದ್ದೆಗಣ್ಣಲ್ಲೇ.

“ನಮ್ಮಮ್ಮ ಹತ್ತು ಪೈಸೆ ಕೊಟ್ಟೋಳಲ್ಲ” ಅಂದ ಪದ್ದು. ನಕ್ಕ. ಮೂಗು ಒರೆಸಿಕೊಂಡ.

“ಎತ್ತಿ... ಸುತ್ತಿ... ಕತ್ತಿಗೆ ಸರ?”

“ಬಡವರ ಮನೇಲಿ ಎಲ್ಲಿಂದ ಬರ್ಬೇಕು ಸರ?”

ಲಾರಿ ಸರಿದು ಬಸ್ಸು ಹೊರಟಿತು. ಮಾರನಹಳ್ಳಿ ದಾಟಿತು. ನಾವು ಇನ್ನೂ ‘ತ್ತ’ದಲ್ಲೇ ಇದ್ದೆವು. ಮುಂದಿನ ಸೀಟಿನಲ್ಲಿ ಸೆರಗು ಹೊದ್ದು ಮಲಗಿದ್ದ ಅಜ್ಜಿ ಹಿಂದಕ್ಕೆ ತಿರುಗದೆಯೇ ಅಂದರು:

“ತುತ್ತು. ತುತ್ತು ಕೊಡುವೆ. ಬರ್ಕೊಂಡು ಮಲಗ್ರಪ್ಪಾ.”