ಪೀರ್-ಟು-ಪೀರ್‌ಗೆ ಕನ್ನಡದಲ್ಲಿ ಏನು? ಸಂಜೆಯೊಳಗೆ ಬೇಕಿತ್ತು

ಸುರತ್ಕಲ್‌ನಿಂದ:
ಎಲ್ಲರಿಗೂ ನಮಸ್ಕಾರ. ಶನಿವಾರ ಮಂಗಳೂರಿನಲ್ಲಿ ನಾವು ಕೆಲವರು ಸೇರಿ ಅನುವಾದ ಕೂಟ ಇಟ್ಟುಕೊಂಡಿದ್ದೇವೆ. ಫೈಲ್ ಹಂಚಿಕೊಳ್ಳುವ ಒಂದು ಮುಕ್ತ ತಂತ್ರಾಂಶವನ್ನು ಕನ್ನಡಕ್ಕೆ ತರುವ ಕೆಲಸ. ಹಂಪನಕಟ್ಟೆಯ ಫ್ಲೆಕ್ಸ್ ಅಂಗಡಿಯವರು ಇವತ್ತು ಸಂಜೆ ಆರರೊಳಗೆ ಬರಹ ಕಳಿಸಿ ಅಂದಿದ್ದಾರೆ. ತಲೆಬರಹದಲ್ಲೇ ‘ಪೀರ್-ಟು-ಪೀರ್’ ಇದೆ, ಅಂದರೆ ನಡುವೆ ಸರ್ವರ್ ಇಲ್ಲದೆ ಬಳಸುವವರ ಕಂಪ್ಯೂಟರ್‌ಗಳೇ ನೇರವಾಗಿ ಕೊಟ್ಟು ಪಡೆಯುವುದು. ‘ಸಮಾನಸ್ಕಂಧರ ನಡುವಿನ ಕಡತ ವಿನಿಮಯ’ ಅಂತ ಒಬ್ಬರು ಬರೆದುಕೊಟ್ಟರು. ಅದನ್ನು ಹಾಕಿದರೆ ಕೂಟಕ್ಕೆ ಯಾರೂ ಬರಲಿಕ್ಕಿಲ್ಲ. ಸೀಡರ್ (ಪೂರ್ತಿ ಫೈಲ್ ಇಟ್ಟುಕೊಂಡು ಕೊಡುವವರು), ಲೀಚರ್ (ಇನ್ನೂ ಪಡೆಯುತ್ತಿರುವವರು), ಕ್ರೆಡಿಟ್ (ಕೊಟ್ಟದ್ದರ ಲೆಕ್ಕ) ಇವಕ್ಕೂ ಪದ ಬೇಕು, ಆದರೆ ಅವಕ್ಕೆ ಶನಿವಾರದವರೆಗೆ ಸಮಯ ಇದೆ.

ಉಡುಪಿಯಿಂದ:
ಸರೀಕ. ಸರೀಕರ ಹಂಚಿಕೆ. ಮುಗಿಯಿತು.

ಮಣಿಪಾಲದಿಂದ:
ಮುಗಿಯಲಿಲ್ಲ. ಸರೀಕ ನಮ್ಮದಲ್ಲ. ಅರಬಿಯ ‘ಷರೀಕ್’ ಹಿಂದೂಸ್ತಾನಿಯ ದಾರಿಯಲ್ಲಿ ಬಂದು ನಮ್ಮಲ್ಲಿ ಕೂತಿದೆ. ಓರಗೆ ಇರುವಾಗ ಅದು ಯಾಕೆ? ಓರಗೆಯವರು ಅಂತ ಹಳ್ಳಿಯಲ್ಲೂ ಹೇಳುತ್ತಾರೆ, ಪೇಟೆಯಲ್ಲೂ ಹೇಳುತ್ತಾರೆ. ಒಂದು ಅನ್ನುವ ಅರ್ಥದ ‘ಓರ್’ ಅದರೊಳಗಿದೆ, ಓರ್ವ ಅನ್ನುವಲ್ಲಿ ಇರುವ ಹಾಗೆ. ‘ಓರಗೆಹಂಚಿಕೆ’ ಅಂತ ಒಂದೇ ಪದ ಮಾಡಿ. ‘ಮುಕ್ತ’, ‘ತಂತ್ರಾಂಶ’ ಎರಡೂ ಸಂಸ್ಕೃತ, ಆ ಮಾತು ಈಗ ಬೇಡ.

ಉಡುಪಿಯಿಂದ:
‘ಓರ್ವ’ವನ್ನೇ ಸಾಕ್ಷಿಗೆ ಕರೆತಂದಿರಲ್ಲ! ಓರ್ ಬರುವುದು ಸ್ವರದ ಮುಂದೆ. ಓರಾಳು ಸರಿ, ಓರ್ವ ತಪ್ಪು. ನಾಲ್ಕನೇ ಸಲ ಹೇಳುತ್ತಿದ್ದೇನೆ.

ಮಣಿಪಾಲದಿಂದ:
ಜನ ಬಳಸುವುದೆಲ್ಲ ತಪ್ಪಾದರೆ ನಿಮ್ಮ ಸರೀಕವೂ ತಪ್ಪು.

ಕುಂದಾಪುರದಿಂದ:
ಪದದ ಹುಟ್ಟು ಆಮೇಲೆ ನೋಡೋಣ, ವಸ್ತು ಏನು ಅಂತ ನೋಡಿ. ಓರಗೆ ಅಂದರೆ ನಮ್ಮ ಕಿವಿಗೆ ಮೊದಲು ಬರುವುದು ವಯಸ್ಸು. ಹದಿನೈದು ವರ್ಷದ ಹಳೇ ಡಬ್ಬ ಕಂಪ್ಯೂಟರ್ ಒಂದು ಕಡೆ, ನಿನ್ನೆ ತಂದ ಲ್ಯಾಪ್‌ಟಾಪ್ ಇನ್ನೊಂದು ಕಡೆ. ಇವು ಯಾವ ಓರಗೆ? ಆದರೆ ಇಲ್ಲಿ ಎರಡಕ್ಕೂ ಒಂದೇ ಸ್ಥಾನ. ಎರಡೂ ಕೊಡುತ್ತವೆ, ಎರಡೂ ಪಡೆಯುತ್ತವೆ. ನಡುವೆ ಒಡೆಯ ಇಲ್ಲ. ‘ಷರೀಕ್’ ಅಂದರೆ ಪಾಲುದಾರ. ಕನ್ನಡದ ಸರೀಕ ಅಂದರೆ ಸಮಾನ. ಪೀರ್‌ಗೆ ಬೇಕಾದದ್ದು ಈ ಎರಡೂ ಅಲ್ವಾ? ಮಣಿಪಾಲದವರು ಬೈಯಲು ಹೋಗಿ ಒಳ್ಳೆಯ ಸಾಕ್ಷಿ ಕೊಟ್ಟಿದ್ದಾರೆ.

ಒಡೆಯ ಇಲ್ಲ ಅನ್ನುವುದು ಇಂಥ ತಂತ್ರಾಂಶದ ಹುಟ್ಟಿಗೂ ಸಲ್ಲುತ್ತದೆ. ಇಡಾಂಕಿ ಅನ್ನುವ ಫೈಲ್ ಹಂಚಿಕೆಯ ತಂತ್ರಾಂಶ ಒಂದು ಕಂಪನಿಯದು. ಅದು ಸರಿಯಿಲ್ಲ ಅಂತ 2002ರಲ್ಲಿ ಜರ್ಮನಿಯ ಒಬ್ಬ ಪ್ರೋಗ್ರಾಮರ್ ಇಮ್ಯೂಲ್ ಶುರು ಮಾಡಿದ. ಯಾರು ಬೇಕಾದರೂ ತಿದ್ದಿ ಹಂಚಬಹುದು ಅನ್ನುವ ಜಿಪಿಎಲ್ ಪರವಾನಗಿ ಕೊಟ್ಟು ಕೋಡ್ ಬಿಚ್ಚಿಟ್ಟ. ಕಂಡಕಂಡವರು ಕೈ ಹಾಕಿದರು, ತಿದ್ದಿದರು, ತಮ್ಮ ತಮ್ಮ ಭಾಷೆಗೆ ತಂದರು. 2006ರಲ್ಲಿ ಅಮೆರಿಕದ ಹಾಡಿನ ಕಂಪನಿಗಳ ಜೊತೆ 3 ಕೋಟಿ ಡಾಲರ್‌ಗೆ ರಾಜಿ ಮಾಡಿಕೊಂಡು ಇಡಾಂಕಿ ಬಾಗಿಲು ಹಾಕಿತು. ಇಮ್ಯೂಲ್ ಮಾತ್ರ ನಡೆಯುತ್ತಲೇ ಇತ್ತು. ಸರ್ವರ್ ಬೇಡದ ಕ್ಯಾಡ್ ಜಾಲ ಅದರಲ್ಲಿ ಆಗಲೇ ಇತ್ತು. (ಎಲ್ಲವನ್ನೂ ಕನ್ನಡ ಮಾಡಲೇಬೇಕು ಅನ್ನುವವರು ಇಡಾಂಕಿ ಕತ್ತೆ, ಇಮ್ಯೂಲ್ ಹೇಸರಗತ್ತೆ ಅಂತ ಬರೆದುಕೊಳ್ಳಲಿ. ನನ್ನ ಅಡ್ಡಿ ಇಲ್ಲ.)

ಇನ್ನು ಲೀಚರ್. ಯಾರಾದರೂ ‘ಜಿಗಣೆ’ ಅಂತ ಬರೆಯುವ ಮೊದಲೇ ಹೇಳುತ್ತೇನೆ, ಬೇಡ. ಫೈಲನ್ನು ತುಂಡು ಮಾಡಿ ಹಂಚುವ ಬಿಟ್‌ಟೊರೆಂಟ್‌ನಲ್ಲಿ ಫೈಲ್ ಇನ್ನೂ ಪೂರ್ತಿ ಸಿಗದವರೆಲ್ಲ ಲೀಚರ್‌ಗಳೇ. ಸಿಕ್ಕಷ್ಟು ತುಂಡುಗಳನ್ನು ಅವರೂ ಬೇರೆಯವರಿಗೆ ಕೊಡುತ್ತಿರುತ್ತಾರೆ. ಹೊಸದಾಗಿ ಬಂದವನ ಹೆಸರಿನ ಮುಂದೆ ಜಿಗಣೆ ಅಂತ ತೋರಿಸಿದರೆ ಅವನು ಮರುದಿನವೇ ತಂತ್ರಾಂಶವನ್ನು ಕಿತ್ತು ಹಾಕುತ್ತಾನೆ. ತಗೊಂಡು ಓಡಿಹೋಗುವವನನ್ನು ಬೇಕಾದರೆ ಜಿಗಣೆ ಅನ್ನಿ, ಉಂಬಳ ಅನ್ನಿ. ಅದು ಬೈಗುಳ. ಪರದೆಯ ಮೇಲೆ ‘ಪಡೆಯುತ್ತಿರುವವರು’ ಸಾಕು. ಸೀಡರ್‌ಗೆ ‘ಪೂರ್ತಿ ಇರುವವರು’.

ಮಣಿಪಾಲದಿಂದ:
ಸೀಡರ್‌ಗೆ ‘ಬಿತ್ತುಗ’ ಅಂತ ಚೆಂದದ ಪದ ಇದೆ. ಇಷ್ಟುದ್ದದ ವಿವರಣೆಯನ್ನು ಪದ ಅನ್ನುವುದಿಲ್ಲ.

ಕುಂದಾಪುರದಿಂದ:
ಬಿತ್ತುಗ ಎಲ್ಲಿದೆ? ನಿಮ್ಮ ಮನೆಯಲ್ಲಿ?

ಬಂದರಿನಿಂದ:
ನಾನು ಸುಮ್ನೆ ಓದುತ್ತಿದ್ದೆ, ಆದರೆ ‘ನಮ್ಮದಲ್ಲ’ ಅನ್ನುವ ಮಾತಿಗೆ ಉತ್ತರ ಕೊಡಲೇಬೇಕು. ನಾನಿರುವ ಬಂದರು ಪಾರಸಿ ಪದ. ನಮ್ಮ ಕಡೆ ಸಾರಿಗೆ ಹಾಕುವ ಬಟಾಟೆ ಪೋರ್ಚುಗೀಸರದ್ದು. ಕಿಟ್ಟೆಲರ ನಿಘಂಟು 1894ರಲ್ಲಿ ಅಚ್ಚಾದದ್ದು ಇದೇ ಮಂಗಳೂರಿನ ಬಾಸೆಲ್ ಮಿಶನ್‌ನಲ್ಲಿ. ಕನ್ನಡದ ಪದಗಳನ್ನು ಕೂಡಿಸಿದ್ದು ಹೊರಗಿನಿಂದ ಬಂದವರು, ಅದಕ್ಕೆ ಯಾರೂ ತಕರಾರು ತೆಗೆಯುವುದಿಲ್ಲ. ಪದ ಬಂದರೆ ಮಾತ್ರ ಪಾಸ್‌ಪೋರ್ಟ್ ಕೇಳುತ್ತೀರಿ.

ಮಣಿಪಾಲದಿಂದ:
ಬಟಾಟೆ ಬಂದಾಗ ಆ ಗೆಡ್ಡೆ ನಮ್ಮಲ್ಲಿ ಇರಲಿಲ್ಲ. ಹೆಸರೂ ಜೊತೆಗೆ ಬಂತು, ಒಪ್ಪುತ್ತೇನೆ. ಓರಗೆ ಇರುವಾಗಲೂ ಎರವಲು ತರುವುದು ಬೇರೆ. ಅದು ಸೋಮಾರಿತನ.

ಉಡುಪಿಯಿಂದ:
ಈಗ ತರುತ್ತಿಲ್ಲ ಮಾರಾಯ್ರೆ. ‘ಸರೀಕರ ಎದುರು ಮರ್ಯಾದೆ ಹೋಯ್ತು’ ಅಂತ ಅಜ್ಜಿಯೂ ಹೇಳುತ್ತಾಳೆ. ಅಜ್ಜಿಗೆ ಅರಬಿ ಬರುವುದಿಲ್ಲ.

ಸುರತ್ಕಲ್‌ನಿಂದ:
ಐದೂವರೆ ಆಯಿತು, ಫ್ಲೆಕ್ಸ್‌ಗೆ ಕಳಿಸಿದೆ: ‘ಸರೀಕರ ನಡುವೆ ಫೈಲ್ ಹಂಚಿಕೆ’. ಕಡತ ಅಂದರೆ ತಾಲೂಕು ಕಚೇರಿಯ ವಾಸನೆ ಬರುತ್ತದೆ ಅಂತ ಬಿಟ್ಟೆ. ‘ಫೈಲ್ ಹಂಚು’ ಅಂತಲೂ ಬರೆದು ನೋಡಿದೆ. ಮಂಗಳೂರಿನಲ್ಲಿ ಹಂಚು ಅಂದರೆ ಮಾಡಿನ ಹಂಚೇ ಕಣ್ಣಿಗೆ ಬರುತ್ತದೆ. ‘ಉಚಿತ’ವನ್ನೂ ತೆಗೆದೆ, ದುಡ್ಡಿಲ್ಲದ್ದು ಅಂತ ಮಾತ್ರ ತಿಳಿದಾರು. ಕ್ರೆಡಿಟ್ ಒಂದು ಬಾಕಿ. ‘ಸಾಲ’ ಸರಿ ಕಾಣುವುದಿಲ್ಲ.

ಕುಂದಾಪುರದಿಂದ:
ಮುಯ್ಯಿ. ಇಮ್ಯೂಲ್‌ನಲ್ಲಿ ನೀವು ನನಗೆ ಕೊಟ್ಟದ್ದನ್ನು ನನ್ನ ಕಂಪ್ಯೂಟರ್ ಬರೆದಿಟ್ಟುಕೊಳ್ಳುತ್ತದೆ. ನೀವು ಫೈಲ್‌ಗಾಗಿ ನನ್ನ ಸಾಲಿನಲ್ಲಿ ನಿಂತಾಗ ಬೇಗ ಮುಂದೆ ಬರುತ್ತೀರಿ. ಹೆಚ್ಚೆಂದರೆ 10 ಪಟ್ಟು. ಊರಿಗೆಲ್ಲ ಅನ್ವಯಿಸುವ ಲೆಕ್ಕ ಅಲ್ಲ, ನಮ್ಮಿಬ್ಬರ ನಡುವಿನದು ಮಾತ್ರ. ನಾಟಿಗೆ ಮುಯ್ಯಾಳು ಹೋಗುವುದೂ ಹೀಗೆಯೇ. ನಮ್ಮ ಗದ್ದೆಗೆ ಬಂದವರ ಗದ್ದೆಗೇ ನಾವು ಹೋಗುತ್ತೇವೆ.

ಮಣಿಪಾಲದಿಂದ:
ಮುಯ್ಯಿ ಅಚ್ಚಗನ್ನಡ. ಒಪ್ಪಿಗೆ. ಸರೀಕಕ್ಕೆ ಒಪ್ಪಿಗೆ ಇಲ್ಲ.

ಉಡುಪಿಯಿಂದ:
‘ಮುಯ್ಯಿ ತೀರಿಸಿಕೊಂಡ’ ಅಂದರೆ ಸೇಡು ಅಂತಲೂ ಆಗುತ್ತದೆ. ಪರದೆಯಲ್ಲಿ ‘ಮುಯ್ಯಿ ಬಾಕಿ: 3’ ಅಂತ ಕಂಡರೆ ಹೆದರಿಕೆ ಆಗದೇ?

ಕುಂದಾಪುರದಿಂದ:
‘ಬಾಕಿ’ ಬಿಡಿ, ‘ಮುಯ್ಯಿ ಲೆಕ್ಕ’ ಹಾಕಿ. ಬಾಕಿಯೂ ಅರಬಿಯದ್ದೇ. ಮಣಿಪಾಲದವರಿಗೆ ಗೊತ್ತಾಗುವ ಮೊದಲು ತೆಗೆದುಬಿಡಿ.